ಅಡವಿಟ್ಟ ಮನೆಯ ಲೆಕ್ಕ

(ಓದತಕ್ಕ ಭಾಗಗಳು: ಲೂಕ ೧೪:೨೮–೩೦, ಯಾಜಕಕಾಂಡ ೨೫:೧೪–೧೬, ೨೯–೩೧, ನೆಹೆಮೀಯ ೫:೧–೧೩)



ನಮ್ಮ ಕರ್ತನು ತನ್ನ ಹಿಂದೆ ಗುಂಪಾಗಿ ಬರುತ್ತಿದ್ದ ಜನರಿಗೆ ಶಿಷ್ಯತ್ವದ ಬೆಲೆಯನ್ನು ತಿಳಿಸಬೇಕೆಂದಿರುವಾಗ, ಕಟ್ಟಡ ಕಟ್ಟುವ ಮನುಷ್ಯನೊಬ್ಬನನ್ನು ಅವರ ಮುಂದೆ ನಿಲ್ಲಿಸಿದನು. ಆ ಮನುಷ್ಯನು ಅಸ್ತಿವಾರವನ್ನು ಹಾಕಿದನು, ಮೇಲೆ ಕಟ್ಟಲಾರದೆ ಹೋದನು, ದಾರಿಹೋಕರ ನಗೆಗೆ ಗುರಿಯಾದನು. ಯಾಕಂದರೆ ಮೊದಲು ಕೂತುಕೊಂಡು ಖರ್ಚನ್ನು ಎಣಿಸಲಿಲ್ಲ. ಈ ಭಾಗದ ಮೇಲೆ ನಾವು ಎಷ್ಟೋ ಸಾರಿ ಪ್ರಸಂಗ ಮಾಡಿದ್ದೇವೆ. ಪ್ರತಿ ಸಾರಿಯೂ ಗೋಪುರವನ್ನು ಬೇಗನೆ ದಾಟಿ ಶಿಷ್ಯತ್ವದ ಮಾತಿಗೆ ಹೋದೆವು. ಕರ್ತನು ಲೆಕ್ಕವೆಂದು ಹೇಳಿದಾಗ ಲೆಕ್ಕವನ್ನೇ ಹೇಳಿದನೆಂಬದು ನಮಗೆ ತೋಚಲಿಲ್ಲ. ಈ ತಿಂಗಳು ನಾವು ಗೋಪುರದ ಬಳಿಯಲ್ಲಿಯೇ ನಿಲ್ಲುತ್ತೇವೆ. ಅದಕ್ಕೆ ಕಾರಣವನ್ನು ಮೊದಲು ತಿಳಿಸುವದು ಯುಕ್ತವು.

ತ್ಯಾಗಲಿ ಸೀಮೆಯಲ್ಲಿ ನಮ್ಮ ಸಹೋದರನೊಬ್ಬನು ಇದ್ದಾನೆ. ಅಡಿಕೆ ತೋಟಗಳಲ್ಲಿ ಮರ ಹತ್ತಿ ಕೊನೆ ಇಳಿಸುವದು ಅವನ ಕಸುಬು. ನಮ್ಮ ಕಡೆಯವರು ಅಂಥವನನ್ನು ಕೊನೆಗೌಡನೆನ್ನುವರು. ಮಳೆಗಾಲದಲ್ಲಿ ಕೊಳೆ ಬೀಳದಂತೆ ಮದ್ದು ಹೊಡೆಯುವವನೂ ಅವನೇ. ಹೆಂಡತಿ ಅಡಿಕೆ ಸುಲಿಯುವ ಕೂಲಿಗೆ ಹೋಗುತ್ತಾಳೆ. ಮಗನು ಹುಬ್ಬಳ್ಳಿಯ ಒಂದು ಗ್ಯಾರೇಜಿನಲ್ಲಿ ಇದ್ದಾನೆ, ಮಗಳು ದಾದಿಯ ಕೆಲಸವನ್ನು ಕಲಿಯುತ್ತಾಳೆ. ತಂದೆಯಿಂದ ಬಂದ ಮಣ್ಣುಗೋಡೆಯ ಹೆಂಚಿನ ಮನೆ ಒಂದು ಮಳೆಗಾಲದಲ್ಲಿ ಹಿಂಬದಿಗೆ ಕುಸಿಯಿತು. ಅವರು ಜಾಗದ ಪತ್ರಗಳನ್ನು ಒಂದು ಬ್ಯಾಂಕಿನಲ್ಲಿ ಇಟ್ಟು ಹತ್ತು ಲಕ್ಷ ರೂಪಾಯಿ ಸಾಲವನ್ನು ತಂದು ಕೆಂಪುಕಲ್ಲಿನ ತಾರಸಿ ಮನೆಯನ್ನು ಕಟ್ಟಿದರು. ಒಕ್ಕಲಾಗುವ ದಿವಸ ನಾವೇ ಹೋಗಿ ಪ್ರಾರ್ಥನೆಯನ್ನು ನಡಿಸಿದೆವು, ಯೆಹೋಶುವನ ಮನೆತನದ ವಿಷಯವಾಗಿ ಮಾತಾಡಿದೆವು, ಪಾಯಸವನ್ನು ಉಂಡೆವು. ಸಾಲ ಎಷ್ಟು ವರ್ಷದ್ದು ಎಂದು ಒಂದು ಮಾತನ್ನು ಕೇಳಲಿಲ್ಲ.

ಮೂರು ವರ್ಷಗಳಾದ ಮೇಲೆ, ಕಳೆದ ಮಳೆಗಾಲದ ಒಂದು ಸಾಯಂಕಾಲದಲ್ಲಿ, ಗಂಡಹೆಂಡರಿಬ್ಬರೂ ಪ್ಲಾಸ್ಟಿಕ್ ಚೀಲದಲ್ಲಿ ಬ್ಯಾಂಕಿನ ಕಾಗದವನ್ನು ಸುತ್ತಿಕೊಂಡು ನಮ್ಮ ಮನೆಗೆ ಬಂದರು.

"ಉಪದೇಶಿಗಳೇ, ಒಂದು ತಿಂಗಳೂ ತಪ್ಪದೆ ಕಟ್ಟಿದ್ದೇವೆ. ಮೂರು ಲಕ್ಷದ ಮೇಲೆ ಹೋಯಿತು. ಸಾಲ ಮಾತ್ರ ಇದ್ದಲ್ಲೇ ಇದೆ. ನಮಗೆ ಮೋಸವಾಯಿತೋ ಹೇಗೆ? ನೋಡಿ ಹೇಳಿರಿ," ಎಂದನು ಅವನು.

ಹೆಂಡತಿ ಬಾಗಿಲ ಬಳಿಯಲ್ಲಿ ನಿಂತವಳು, "ಈ ಮನೆ ನಿಮ್ಮದಾಯಿತೆಂದು ನೀವು ಪ್ರಾರ್ಥನೆಯಲ್ಲಿ ಹೇಳಿದಿರಲ್ಲ," ಎಂದಳು.

ನಾವು ಕಾಗದವನ್ನು ತೆಗೆದುಕೊಂಡೆವು. ಸೆಮಿನರಿಯಲ್ಲಿ ಗ್ರೀಕ್ ಅಕ್ಷರಗಳನ್ನು ಕಲಿತ ನಮಗೆ ಆ ಪಟ್ಟಿಯನ್ನು ಓದಲಿಕ್ಕೆ ಬರಲಿಲ್ಲ. ಆ ರಾತ್ರಿಯ ನಾಚಿಕೆಯಿಂದ ಈ ಲೇಖನವು ಹುಟ್ಟಿತು. ಬಳಿಕ ತಿಳಿದವರನ್ನು ಕೇಳಿ, ಅವರ ಮಗನು ಬಂದಾಗ ಅವನನ್ನು ಕೂರಿಸಿಕೊಂಡು, ಶಾಲೆಯ ನೋಟುಪುಸ್ತಕದಲ್ಲಿ ೨೪೦ ಸಾಲುಗಳನ್ನು ಎಳೆದು ಒಂದೊಂದು ಕಂತನ್ನೂ ಬರೆದೆವು. ಅವರ ಬಡ್ಡಿಯ ದರವು ನಡುವೆ ಸ್ವಲ್ಪ ಏರಿ ಇಳಿದಿತ್ತು. ಲೆಕ್ಕವು ತಿಳಿಯಬೇಕೆಂದು ವರ್ಷಕ್ಕೆ ನೂರಕ್ಕೆ ೯ ರಲ್ಲಿಯೇ ನಿಲ್ಲಿಸಿದೆವು. ಇಲ್ಲಿಯೂ ಹಾಗೆಯೇ ಹೇಳುತ್ತೇವೆ.

ಹತ್ತು ಲಕ್ಷ, ೨೦ ವರ್ಷ, ನೂರಕ್ಕೆ ೯: ತಿಂಗಳ ಕಂತು ೮,೯೯೭ ರೂಪಾಯಿ. ಅವರಿಗೆ ಬ್ಯಾಂಕಿನಲ್ಲಿ ಹೇಳಿದ್ದೂ ಅವರು ಕೇಳಿಕೊಂಡದ್ದೂ ಇಷ್ಟೇ. ತಿಂಗಳಿಗೆ ಒಂಭತ್ತು ಸಾವಿರ, ಮಗನ ಸಂಬಳದಲ್ಲಿ ಅರ್ಧ, ನಮ್ಮ ಕೂಲಿಯಲ್ಲಿ ಅರ್ಧ, ಆದೀತು ಎಂದು ಸಹಿ ಮಾಡಿದರು. ಈಗ ೮,೯೯೭ ನ್ನು ೨೪೦ ರಿಂದ ಗುಣಿಸಿರಿ. ೨೧ ಲಕ್ಷ ೫೯ ಸಾವಿರವಾಗುತ್ತದೆ. ಅಂದರೆ ಒಂದು ಮನೆಯನ್ನು ಕಟ್ಟಿದವರು ಎರಡು ಮನೆಗಳ ಹಣವನ್ನು ಕೊಟ್ಟು ಮೇಲೆ ಒಂದೂವರೆ ಲಕ್ಷವನ್ನೂ ಕೊಡುವರು.

ಆದರೆ ಅವರನ್ನು ಕಂಗೆಡಿಸಿದ್ದು ಈ ಮೊತ್ತವಲ್ಲ, ಮೊದಲಿನ ವರ್ಷಗಳು. ಬಡ್ಡಿಯು ಉಳಿದಿರುವ ಸಾಲದ ಮೇಲೆ ಬೀಳುತ್ತದೆ. ಮೊದಲನೆಯ ತಿಂಗಳಲ್ಲಿ ಹತ್ತು ಲಕ್ಷವೂ ಉಳಿದಿದೆ. ಅದರ ಮೇಲೆ ಒಂದು ತಿಂಗಳ ಬಡ್ಡಿ ೭,೫೦೦. ಕಟ್ಟಿದ ೮,೯೯೭ ರಲ್ಲಿ ಬಡ್ಡಿಯು ಮೊದಲು ತನ್ನ ಪಾಲನ್ನು ತೆಗೆದುಕೊಳ್ಳುತ್ತದೆ. ಮಿಕ್ಕ ೧,೪೯೭ ಮಾತ್ರ ಅಸಲಿಗೆ ಸಲ್ಲುತ್ತದೆ. ಎರಡನೆಯ ತಿಂಗಳಲ್ಲಿ ಅಸಲಿಗೆ ಸಲ್ಲುವದು ೧,೫೦೮. ಹನ್ನೊಂದು ರೂಪಾಯಿ ಹೆಚ್ಚು! ಹೀಗೆ ಇರುವೆಯ ನಡೆಯಲ್ಲಿ ಹೋಗುತ್ತದೆ. ಮೂರು ವರ್ಷಗಳಲ್ಲಿ ಅವರು ಕಟ್ಟಿದ್ದು ೩,೨೩,೮೯೨ ರೂಪಾಯಿ; ಅಸಲಿನಲ್ಲಿ ಇಳಿದದ್ದು ಸುಮಾರು ೬೧,೬೦೦. ಉಳಿದ ಸಾಲ ೯,೩೮,೪೦೦ ರ ಸುತ್ತಿನಲ್ಲಿ ನಿಂತಿದೆ. ಮೋಸ ಯಾರೂ ಮಾಡಲಿಲ್ಲ. ಲೆಕ್ಕವು ಸರಿಯಾಗಿಯೇ ಇದೆ. ಇದನ್ನು ಹೇಳಿದಾಗ ಆ ಸಹೋದರನ ಮುಖವು ಇನ್ನೂ ಬಾಡಿತು. ಮೋಸವಾಗಿದ್ದರೆ ದೂರು ಕೊಡಬಹುದಾಗಿತ್ತು.

ಇನ್ನೂ ಮುಂದಕ್ಕೆ ನೋಡಿದೆವು. ಹತ್ತು ವರ್ಷ ಕಳೆದಾಗ ಅರ್ಧ ಕಾಲ ತೀರುತ್ತದೆ, ಅರ್ಧ ಸಾಲ ತೀರುವದಿಲ್ಲ. ಆಗಲೂ ಸುಮಾರು ೭ ಲಕ್ಷ ೧೦ ಸಾವಿರ ಉಳಿದಿರುತ್ತದೆ. ಕಂತಿನ ಅರ್ಧಭಾಗವಾದರೂ ಅಸಲಿಗೆ ಸಲ್ಲುವದು ೧೨ ವರ್ಷಗಳು ದಾಟಿದ ಮೇಲೆಯೇ. ಮಗನು ಆ ಸಾಲಿನ ಮೇಲೆ ಪೆನ್ಸಿಲನ್ನು ಇಟ್ಟು, "ಆ ವರ್ಷ ಅಪ್ಪನಿಗೆ ಎಷ್ಟು ಪ್ರಾಯ?" ಎಂದು ಕೇಳಿದನು. ಸಾಲ ತಂದಾಗ ಅವನಿಗೆ ೪೬. ಕಡೆಯ ಕಂತಿನ ದಿನದಲ್ಲಿ ೬೬ ಆಗುವದು. ಅಡಿಕೆ ಮರವನ್ನು ಹತ್ತಿ, ತುದಿಯಲ್ಲಿ ಜೋತುಕೊಂಡು, ಒಂದು ಮರದಿಂದ ಮತ್ತೊಂದಕ್ಕೆ ದಾಟುವ ಕೆಲಸವನ್ನು ೬೬ರ ತನಕ ಮಾಡಿದವನನ್ನು ನಾವಂತೂ ನೋಡಲಿಲ್ಲ. ಐವತ್ತೈದರಲ್ಲಿ ಕಾಲು ನಡುಗಿ ಇಳಿದವರನ್ನು ನೋಡಿದ್ದೇವೆ, ಮರದಿಂದ ಬಿದ್ದವರನ್ನೂ ಹೊತ್ತಿದ್ದೇವೆ.

ಪ್ರಿಯರೇ, ಇಲ್ಲಿ ಯಾಜಕಕಾಂಡದ ಇಪ್ಪತ್ತೈದನೆಯ ಅಧ್ಯಾಯವು ನಮ್ಮ ಕಣ್ಣಿಗೆ ಹೊಸದಾಗಿ ತೋರಿತು. ಇಸ್ರಾಯೇಲ್ಯನು ಬಡವನಾಗಿ ತನ್ನ ಹೊಲವನ್ನು ಕೊಟ್ಟರೆ, ಅದರ ಕ್ರಯವನ್ನು ಹೇಗೆ ಕಟ್ಟಬೇಕೆಂದು ಅಲ್ಲಿ ಬರೆದದೆ. ಜೂಬಿಲಿ ವರ್ಷಕ್ಕೆ ಇನ್ನೂ ಎಷ್ಟು ವರ್ಷಗಳುಂಟೋ ಅದರ ಪ್ರಕಾರ ಬೆಲೆ. ಯಾಕಂದರೆ ಅವನು ಕೊಡುವದು ಭೂಮಿಯನ್ನಲ್ಲ, ಇಂತಿಷ್ಟು ಬೆಳೆಗಳನ್ನು. ದೇವರು ಸಾಲಗಾರನಿಗೆ ಲೆಕ್ಕವನ್ನು ಕಲಿಸುವಾಗ ಬೆಳ್ಳಿಯ ತೂಕದಿಂದಲ್ಲ, ಕೊಯ್ಲುಗಳಿಂದ ಕಲಿಸಿದನು. ನಮ್ಮ ಸಹೋದರನು ಕೊಟ್ಟದ್ದೂ ಅದನ್ನೇ. ಅವನು ತಿಂಗಳಿಗೆ ಒಂಭತ್ತು ಸಾವಿರವನ್ನು ಒಪ್ಪಿಕೊಂಡೆನೆಂದು ನೆನಸಿದನು. ನಿಜವಾಗಿ ಇಪ್ಪತ್ತು ಕೊಯ್ಲುಗಳನ್ನು ಕೊಟ್ಟನು, ಅವುಗಳಲ್ಲಿ ಕೆಲವು ಅವನ ಕಾಲುಗಳಿಗೆ ಇನ್ನು ಇರಲಾರವು. ಆದಕಾರಣ ನಿಮ್ಮಲ್ಲಿ ಯಾರಿಗಾದರೂ ಮನೆಯ ಸಾಲವನ್ನು ಕೊಡುತ್ತೇವೆಂದು ಹೇಳಿದರೆ, ಕಂತು ಎಷ್ಟೆಂದು ಕೇಳುವ ಮೊದಲು ಎಷ್ಟು ಕೊಯ್ಲೆಂದು ಕೇಳಿರಿ. ಆ ಕೊಯ್ಲುಗಳಲ್ಲಿ ಮರ ಹತ್ತುವವರು ಯಾರು, ಸುಲಿಯುವವರು ಯಾರು ಎಂದು ಮನೆಯವರೆಲ್ಲರೂ ಕೂಡಿ ಎಣಿಸಿರಿ.

ಕಾಲದ ಭಾರವು ಎಷ್ಟೆಂಬದಕ್ಕೆ ಇನ್ನೊಂದು ಲೆಕ್ಕ. ಅದೇ ಹತ್ತು ಲಕ್ಷವನ್ನು ಅದೇ ದರದಲ್ಲಿ ೧೫ ವರ್ಷಗಳಲ್ಲಿ ತೀರಿಸುವದಾದರೆ ಕಂತು ೧೦,೧೪೩. ತಿಂಗಳಿಗೆ ೧,೧೪೬ ಹೆಚ್ಚು. ಒಟ್ಟಿಗೆ ಕೊಡತಕ್ಕದ್ದು ೧೮ ಲಕ್ಷ ೨೫ ಸಾವಿರದ ಮೇಲೆ ಸ್ವಲ್ಪ; ೩ ಲಕ್ಷ ೩೩ ಸಾವಿರ ಉಳಿಯುತ್ತದೆ. ಕಂತು ಸಣ್ಣದಾಗಲೆಂದು ವರ್ಷಗಳನ್ನು ಉದ್ದ ಮಾಡಿಸಿಕೊಳ್ಳುವವನು ಸುಗ್ಗಿಯಲ್ಲಿ ಕೊಡಬಹುದಾದದ್ದನ್ನು ಮುಪ್ಪಿಗೆ ಎತ್ತಿ ಇಡುತ್ತಾನೆ.

ಮೇಲೆ ಹೇಳಿದಂತೆ ಬಡ್ಡಿಯು ನಿಂತಲ್ಲಿ ನಿಲ್ಲುವದೂ ಇಲ್ಲ. ಈಗಿನ ಮನೆಸಾಲಗಳಲ್ಲಿ ಹೆಚ್ಚಿನವು ಏರಿಳಿಯುವ ದರದವು. ರಿಸರ್ವ್ ಬ್ಯಾಂಕಿನ ರೆಪೋ ದರವು ೨೦೨೨ನೆಯ ಇಸವಿಯ ಮೇ ತಿಂಗಳ ಆರಂಭದಲ್ಲಿ ನೂರಕ್ಕೆ ೪ ಇದ್ದದ್ದು ೨೦೨೩ರ ಫೆಬ್ರವರಿಯಲ್ಲಿ ಆರೂವರೆಗೆ ಏರಿತು. ನೂರಕ್ಕೆ ೭ ರಲ್ಲಿ ೨೦ ವರ್ಷಗಳಿಗೆ ಹತ್ತು ಲಕ್ಷ ತಂದವನ ಕಂತು ೭,೭೫೩. ದರವು ಒಂಭತ್ತೂವರೆಗೆ ಏರಿದರೆ ಹತ್ತು ಲಕ್ಷದ ಒಂದು ತಿಂಗಳ ಬಡ್ಡಿಯೇ ೭,೯೧೭. ಕಂತನ್ನು ಹಾಗೆಯೇ ಬಿಟ್ಟರೆ ಅದು ಬಡ್ಡಿಗೂ ಸಾಲದು. ಆಗ ಅನೇಕರ ಕಂತು ಬದಲಾಗದೆ ವರ್ಷಗಳು ಬೆಳೆದವು. ಕಂತು ಬದಲಾಗದ್ದರಿಂದ ಮನೆಯವರಿಗೆ ತಿಳಿಯಲೇ ಇಲ್ಲ. ೨೦೨೩ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕು ಇದಕ್ಕೆ ನಿಯಮವನ್ನು ಹಾಕಿತು. ದರ ಏರಿದಾಗ ಕಂತನ್ನು ಹೆಚ್ಚಿಸಬೇಕೋ, ಅವಧಿಯನ್ನು ಬೆಳೆಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂದು ಆರಿಸುವ ಹಕ್ಕು ಸಾಲಗಾರನಿಗೆ ಉಂಟು. ಆದರೆ ಕೇಳದವನಿಗೆ ಹಕ್ಕಿದ್ದು ಪ್ರಯೋಜನವೇನು?

ಸಣ್ಣ ಖರ್ಚುಗಳ ಮಾತನ್ನು ಉದ್ದ ಮಾಡುವದಿಲ್ಲ. ನಮ್ಮ ಸಹೋದರನ ಹತ್ತು ಲಕ್ಷದೊಳಗೆ ೩೦,೦೦೦ ವಿಮೆಯ ಹಣವಾಗಿತ್ತೆಂದು ಕಾಗದವನ್ನು ನೋಡಿದ ಮೇಲೆಯೇ ಅವನಿಗೆ ಗೊತ್ತಾಯಿತು. ವಿಮೆ ಕೆಟ್ಟದ್ದಲ್ಲ, ಮರ ಹತ್ತುವವನಿಗೆ ಅದು ಬೇಕಾದದ್ದೇ. ಆದರೆ ಸಾಲದೊಳಗೆ ಸೇರಿಸಿದ ಮೂವತ್ತು ಸಾವಿರವು ೨೦ ವರ್ಷಗಳಲ್ಲಿ ೬೪,೭೦೦ರ ಮೇಲಾಗುತ್ತದೆ. ೨೦೨೪ನೆಯ ಇಸವಿ ಅಕ್ಟೋಬರ್ ೧ರಿಂದ ಬ್ಯಾಂಕಿನವರು ಹೊಸ ಸಾಲಗಾರನಿಗೆ ಮುಖ್ಯ ಸಂಗತಿಗಳ ಪತ್ರವೊಂದನ್ನು ಅವನಿಗೆ ತಿಳಿಯುವ ಭಾಷೆಯಲ್ಲಿ ಕೊಡತಕ್ಕದ್ದು. ಎಲ್ಲಾ ಖರ್ಚುಗಳು ಸೇರಿದ ನಿಜವಾದ ವಾರ್ಷಿಕ ದರವೂ ಕಂತುಗಳ ಪಟ್ಟಿಯೂ ಅದರಲ್ಲಿ ಇರಬೇಕು. ಅದನ್ನು ಕನ್ನಡದಲ್ಲಿ ಕೇಳಿ ತಕ್ಕೊಳ್ಳಿರಿ. ಸಹಿ ಮಾಡುವ ಮೊದಲು ಒಂದು ರಾತ್ರಿ ಮನೆಯಲ್ಲಿ ಇಟ್ಟುಕೊಂಡು ಓದಿರಿ. ಓದಲು ಬಾರದವರು ಸಭೆಯ ಹಿರಿಯರ ಬಳಿಗೆ ತರಲಿ. ಹಿರಿಯರಿಗೂ ಬಾರದಿದ್ದರೆ ನಾಚಿಕೆಪಡದೆ ಕಲಿಯಲಿ, ನಾವು ಕಲಿತ ಹಾಗೆ.

ಹಿಂದಿನ ಕಾಲದ ಭೋಗ್ಯವನ್ನು ಹಿರಿಯರು ಬಲ್ಲರು. ತೋಟವನ್ನು ಭೋಗ್ಯಕ್ಕೆ ಕೊಟ್ಟರೆ ಸಾಲ ಕೊಟ್ಟವನು ತೋಟದೊಳಗೆ ಬಂದು ಫಲವನ್ನು ಬಡ್ಡಿಗಾಗಿ ಉಣ್ಣುತ್ತಿದ್ದನು. ಅಸಲು ತೀರುವ ತನಕ ಒಡೆಯನು ಬೇಲಿಯ ಹೊರಗೆ ನಿಲ್ಲುತ್ತಿದ್ದನು. ಅದು ಕಣ್ಣಿಗೆ ಕಾಣುವ ದುಃಖವಾಗಿತ್ತು. ಈಗಿನ ಅಡವು ಹಾಗಲ್ಲ. ಪತ್ರಗಳು ಮಾತ್ರ ಬ್ಯಾಂಕಿನ ಕಪಾಟಿಗೆ ಹೋಗುತ್ತವೆ. ನಾವು ಮನೆಯೊಳಗೆ ಉಣ್ಣುತ್ತೇವೆ, ಮಲಗುತ್ತೇವೆ, ಗೋಡೆಗೆ ಬಣ್ಣವನ್ನು ಬಳಿಯುತ್ತೇವೆ. ಹೀಗಿರಲಾಗಿ ಅಡವೆಂಬದು ಮರೆತುಹೋಗುತ್ತದೆ. ೨೦೦೨ನೆಯ ಇಸವಿಯ ಒಂದು ಕಾಯಿದೆಯ ಪ್ರಕಾರ, ಕಂತು ೯೦ ದಿನಗಳಿಗಿಂತ ಹೆಚ್ಚು ಬಾಕಿಯಾಗಿ ಸಾಲವು ಕೆಟ್ಟ ಸಾಲವೆಂದು ಎಣಿಸಲ್ಪಟ್ಟರೆ, ಬ್ಯಾಂಕು ೬೦ ದಿನಗಳ ನೋಟೀಸನ್ನು ಕೊಟ್ಟು, ಕೋರ್ಟಿನ ದಾವೆಯಿಲ್ಲದೆ ಮನೆಯನ್ನು ಸ್ವಾಧೀನ ಮಾಡಿಕೊಳ್ಳಬಹುದು. ಸಾಗುವಳಿಯ ಭೂಮಿಗೆ ಆ ಕಾಯಿದೆ ತಗಲುವದಿಲ್ಲ, ಮನೆಗೆ ತಗಲುತ್ತದೆ. ಸಹಕಾರಿ ಬ್ಯಾಂಕುಗಳಿಗೂ ಅದು ಸಲ್ಲುತ್ತದೆಂದು ೨೦೨೦ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ನಮ್ಮದು ಸಂಘದ ಸಾಲ, ಎಲ್ಲರೂ ಪರಿಚಿತರು, ಏನೂ ಮಾಡುವದಿಲ್ಲವೆಂದು ಹೇಳುವವರು ಇದನ್ನು ತಿಳಿಯಲಿ. ೨೦೧೮ರಲ್ಲಿ ಬೆಳೆಸಾಲ ಮನ್ನಾ ಆದದ್ದನ್ನು ನೆನಸಿಕೊಂಡು, ಮನೆಸಾಲವೂ ಒಂದು ದಿನ ಮನ್ನಾ ಆದೀತೆಂದು ಕಾದಿರುವವರೂ ಉಂಟು. ಆ ಮನ್ನಾದಲ್ಲಿ ಮನೆಸಾಲವು ಸೇರಿರಲಿಲ್ಲ.

ಮೋಶೆಯ ಧರ್ಮಶಾಸ್ತ್ರವು ಇಂಥಾ ಮನೆಯ ಮೇಲೆ ಕಣ್ಣಿಟ್ಟಿತ್ತೆಂಬದು ಆಶ್ಚರ್ಯ. ಗೋಡೆಯುಳ್ಳ ಪಟ್ಟಣದಲ್ಲಿ ಮನೆಯನ್ನು ಮಾರಿದವನು ಒಂದು ವರ್ಷದೊಳಗೆ ಬಿಡಿಸಿಕೊಳ್ಳದೆ ಹೋದರೆ ಅದು ಕೊಂಡವನಿಗೇ ನಿಲ್ಲುವದು. ಗೋಡೆಯಿಲ್ಲದ ಹಳ್ಳಿಯ ಮನೆಯೋ ಹಾಗಲ್ಲ. ಅದು ಹೊಲಗದ್ದೆಗಳ ಜೊತೆಯಲ್ಲಿ ಎಣಿಸಲ್ಪಡಬೇಕು, ಯಾವಾಗಲೂ ಬಿಡಿಸಿಕೊಳ್ಳಬಹುದು, ಜೂಬಿಲಿಯಲ್ಲಿ ತಾನೇ ಬಿಡುಗಡೆಯಾಗುವದು. ಹಳ್ಳಿಯವನಿಗೆ ಮನೆ ಹೋದರೆ ಬದುಕೇ ಹೋಯಿತೆಂದು ಯೆಹೋವನು ಬಲ್ಲನು. ನಮ್ಮ ದೇಶದ ೧೮೮೨ನೆಯ ಇಸವಿಯ ಸ್ವತ್ತು ವರ್ಗಾವಣೆಯ ಕಾಯಿದೆಯಲ್ಲಿಯೂ ಹಣವನ್ನು ಕೊಟ್ಟು ಅಡವನ್ನು ಬಿಡಿಸಿಕೊಳ್ಳುವ ಹಕ್ಕು ಬರೆಯಲ್ಪಟ್ಟಿದೆ. ಜೂಬಿಲಿ ಮಾತ್ರ ಇಲ್ಲ. ನಮ್ಮ ಜೂಬಿಲಿಯನ್ನು ನಾವೇ ಕಂತು ಕಂತಾಗಿ ಹತ್ತಿರಕ್ಕೆ ತರಬೇಕಾಗಿದೆ.

ಇಷ್ಟು ಓದಿದವರಲ್ಲಿ ಕೆಲವರು, ಹಾಗಾದರೆ ಬ್ಯಾಂಕಿನ ಸಾಲವೇ ಪಾಪವೋ ಎಂದು ಕೇಳಬಹುದು. ಅಲ್ಲ. ಬ್ಯಾಂಕಿನ ಬಾಗಿಲು ತೆರೆಯದವರ ಗತಿಯನ್ನು ನೋಡಿರಿ. ಸಿರಸಿ, ಸಿದ್ದಾಪುರ, ಯಲ್ಲಾಪುರ ತಾಲೂಕುಗಳಲ್ಲಿ ಎಷ್ಟೋ ಬಡ ಮನೆಗಳು ಅರಣ್ಯದ ಅತಿಕ್ರಮಣ ಜಾಗದಲ್ಲಿ ನಿಂತಿವೆ. ಎರಡು ಮೂರು ತಲೆಗಳಿಂದ ಅಲ್ಲಿಯೇ ಇದ್ದರೂ ಕೈಯಲ್ಲಿ ಹಕ್ಕುಪತ್ರವಿಲ್ಲ, ಪತ್ರವಿಲ್ಲದವನಿಗೆ ಮನೆಸಾಲವಿಲ್ಲ. ಅಂಥವನು ಮೂರು ರೂಪಾಯಿ ಬಡ್ಡಿಗೆ ಹೋಗುತ್ತಾನೆ. ಮೂರು ರೂಪಾಯಿ ಎಂದರೆ ಕಿವಿಗೆ ಎಷ್ಟು ಹಗುರ! ಅದು ತಿಂಗಳಿಗೆ ನೂರಕ್ಕೆ ಮೂರು, ವರ್ಷಕ್ಕೆ ಮೂವತ್ತಾರು. ಬ್ಯಾಂಕಿನದಕ್ಕಿಂತ ನಾಲ್ಕು ಪಾಲು. ಸಪಾಟು ಬಡ್ಡಿಯೆಂಬ ಇನ್ನೊಂದು ಬಲೆ ಉಂಟು. ಒಂದು ಲಕ್ಷಕ್ಕೆ ವರ್ಷಕ್ಕೆ ನೂರಕ್ಕೆ ೧೦, ಐದು ವರ್ಷ, ತಿಂಗಳಿಗೆ ೨,೫೦೦ ಎಂದು ಹೇಳುವರು. ಆದರೆ ಅಸಲು ತಿಂಗಳು ತಿಂಗಳು ಇಳಿಯುತ್ತಾ ಬಂದರೂ ಬಡ್ಡಿಯನ್ನು ಕಡೆಯ ತನಕ ಪೂರ್ತಿ ಒಂದು ಲಕ್ಷದ ಮೇಲೆಯೇ ಹಿಡಿಯುವರು. ಇಳಿಯುವ ಸಾಲದ ಮೇಲಿನ ಲೆಕ್ಕದಲ್ಲಿ ನೋಡಿದರೆ ಅದು ಹತ್ತಲ್ಲ, ಹದಿನೇಳರ ಮೇಲೆ.

ನೆಹೆಮೀಯನ ದಿನಗಳಲ್ಲಿ ಯೆರೂಸಲೇಮಿನ ಜನರು ಬರಗಾಲದಲ್ಲಿ ಕಾಳಿಗಾಗಿ ಹೊಲ, ದ್ರಾಕ್ಷೆತೋಟ, ಮನೆಗಳನ್ನು ಅಡವಿಟ್ಟು, ಕಡೆಗೆ ಮಕ್ಕಳನ್ನೂ ದಾಸತ್ವಕ್ಕೆ ಕೊಟ್ಟು, ಗೋಳಾಡಿದರು. ಆಗ ಅವರಿಂದ ತೆಗೆಯುತ್ತಿದ್ದದ್ದು ನೂರರಲ್ಲಿ ಒಂದು ಪಾಲು. ಅದು ತಿಂಗಳ ಲೆಕ್ಕವೆಂದು ವ್ಯಾಖ್ಯಾನಕಾರರಲ್ಲಿ ಅನೇಕರು ಹೇಳುತ್ತಾರೆ. ಒಂದು ರೂಪಾಯಿ ಬಡ್ಡಿ! ಅದನ್ನು ಕೇಳಿ ನೆಹೆಮೀಯನು ಬಹಳ ಕೋಪಗೊಂಡನು. ಆದರೆ ಕೋಪಿಸಿಕೊಂಡು ಮನೆಗೆ ಹೋಗಲಿಲ್ಲ. ತನ್ನಲ್ಲಿ ತಾನೇ ಆಲೋಚಿಸಿದನು, ಸಭೆ ಕೂಡಿಸಿದನು, ತಾನೂ ತನ್ನವರೂ ಸಾಲ ಕೊಟ್ಟವರಲ್ಲಿ ಸೇರಿದ್ದಾರೆಂದು ಎಲ್ಲರ ಮುಂದೆ ಒಪ್ಪಿಕೊಂಡನು. ಸಾಲವು ಒಂದೊಂದು ಮನೆಯ ಗುಟ್ಟಾಗಿರುವ ತನಕ ಅದಕ್ಕೆ ಔಷಧವಿಲ್ಲ. ಜರ್ಮನಿಯ ಹಳ್ಳಿಗಳಲ್ಲಿ ಗ್ರಾಮಾಧಿಕಾರಿಯಾಗಿದ್ದ ರೈಫೈಸನ್ ಎಂಬ ಪ್ರೊಟೆಸ್ಟಂಟ್ ಭಕ್ತನು ಬಡ್ಡಿಕೋರರ ಕೈಯಲ್ಲಿ ಸಿಕ್ಕಿದ ಒಕ್ಕಲಿಗರಿಗಾಗಿ ೧೮೬೪ರಲ್ಲಿ ಹೆಡ್ಡೆಸ್‌ಡೋರ್ಫ್‌ನಲ್ಲಿ ಸಾಲದ ಸಂಘವನ್ನು ಸ್ಥಾಪಿಸಿದ್ದು, ನೆರೆಯವನ ಸಾಲಕ್ಕೆ ನೆರೆಯವನು ಹೊಣೆ ಎಂಬ ನಂಬಿಕೆಯ ಮೇಲೆಯೇ. ಆ ಬೀಜವು ಸಮುದ್ರವನ್ನು ದಾಟಿ ಬಂದು, ೧೯೦೫ರಲ್ಲಿ ಗದಗಿನ ಹತ್ತಿರದ ಕಣಗಿನಹಾಳದಲ್ಲಿ ಮೊಳೆಯಿತು. ೧೯೨೩ರಲ್ಲಿ ನಮ್ಮ ಸಿರಸಿಯಲ್ಲಿ ತೋಟಗಾರರ ಮಾರಾಟ ಸಂಘವಾಯಿತು, ಅಡಿಕೆ ಬೆಳೆದವರು ದಲ್ಲಾಳಿಗಳ ಕೈಯಿಂದ ತಪ್ಪಿಸಿಕೊಂಡರು. ನಮ್ಮ ಸಭೆಗಳಲ್ಲಿಯೋ ಒಬ್ಬನ ಮನೆಯ ಕಂತು ಎಷ್ಟೆಂದು ಪಕ್ಕದ ಬೆಂಚಿನವನಿಗೆ ತಿಳಿಯದು. ಉಪದೇಶಿಗೂ ತಿಳಿಯದು. ಮೂರು ತಿಂಗಳ ಕಂತು ತಪ್ಪಿದ ಮೇಲೆ ತಿಳಿಯುತ್ತದೆ.

ಮಳೆಗಾಲದ ಆ ಸಾಯಂಕಾಲ ನಮ್ಮ ಸಹೋದರನ ಮನಸ್ಸಿನಲ್ಲಿ ಇನ್ನೊಂದು ವಿಚಾರವಿತ್ತು. ಎರಡು ಸಾರಿ ಬಂದುಹೋದ ಮೇಲೆ ಹೆಂಡತಿಯೇ ಅದನ್ನು ಹೊರಗೆ ಹಾಕಿದಳು. ಮಗಳ ಫೀಸು ಕಟ್ಟಲಿಕ್ಕೆ ಹಣವಿರಲಿಲ್ಲ. ಮದ್ದು ಹೊಡೆಯುವ ಕೆಲಸವು ಮಳೆ ಬಿಡದೆ ನಿಂತಿತ್ತು. ಅವನು ಒಬ್ಬನ ಹತ್ತಿರ ಮೂರು ರೂಪಾಯಿ ಬಡ್ಡಿಗೆ ಒಂದು ಲಕ್ಷವನ್ನು ಮಾತಾಡಿ ಬಂದಿದ್ದನು. ಮಗಳ ಫೀಸನ್ನೂ ಮುಂದಿನ ನಾಲ್ಕಾರು ತಿಂಗಳ ಬ್ಯಾಂಕಿನ ಕಂತನ್ನೂ ಅದರಿಂದಲೇ ಕಟ್ಟುವದೆಂದು ಅವನ ಎಣಿಕೆ. ಒಂಭತ್ತರ ಸಾಲವನ್ನು ಮೂವತ್ತಾರರ ಸಾಲದಿಂದ ತೀರಿಸುವ ಎಣಿಕೆ! ನಾವು ಅವನನ್ನು ಗದರಿಸಲಿಲ್ಲ. ಬಾವಿಗೆ ಬಿದ್ದವನು ಕೈಗೆ ಸಿಕ್ಕಿದ್ದನ್ನು ಹಿಡಿಯುತ್ತಾನೆ. ನೋಟುಪುಸ್ತಕದಲ್ಲಿ ಹೊಸ ಪುಟವನ್ನು ತೆರೆದು ಒಂದು ಲಕ್ಷಕ್ಕೆ ವರ್ಷಕ್ಕೆ ೩೬,೦೦೦ ಎಂದು ಬರೆದು ಅವನ ಮುಂದೆ ಇಟ್ಟೆವು. ಅವನು ಬಹಳ ಹೊತ್ತು ಅದನ್ನು ನೋಡುತ್ತಾ ಇದ್ದನು. ಆ ಹಣವನ್ನು ತರಲಿಲ್ಲ. ಮಗಳ ಫೀಸಿಗೆ ಸಭೆಯ ನಾಲ್ಕು ಮನೆಗಳವರು ಬಡ್ಡಿಯಿಲ್ಲದೆ ಕೈಗಡ ಕೊಟ್ಟರು. ಕೊಟ್ಟವರಲ್ಲಿ ಇಬ್ಬರು ತಾವೂ ಸಾಲಗಾರರು.

ಆಮೇಲೆ ಕೊಯ್ಲಿನ ಮಾತು ಬಂತು. ಕೊನೆ ಕೊಯ್ಯುವವನ ಸಂಪಾದನೆ ತಿಂಗಳು ತಿಂಗಳು ಸಮನಾಗಿ ಬರುವದಿಲ್ಲ. ಕೊಯ್ಲಿನ ಮೂರು ನಾಲ್ಕು ತಿಂಗಳಲ್ಲಿ ಕೈತುಂಬಾ ಬರುತ್ತದೆ, ಹಬ್ಬ ಮದುವೆಗಳಲ್ಲಿ ಕರಗುತ್ತದೆ, ಆಷಾಢಕ್ಕೆ ಬರಿದು. ಸುಗ್ಗಿಯ ಹಣದಿಂದ ವರ್ಷಕ್ಕೆ ೨೦,೦೦೦ ರೂಪಾಯಿಯನ್ನು ಕಂತಿನ ಮೇಲೆ ಅಸಲಿಗೆ ಕಟ್ಟಿದರೆ ಏನಾಗುವದೆಂದು ಮಗನು ಲೆಕ್ಕ ಹಾಕಿದನು. ಇನ್ನು ೧೭ ವರ್ಷಗಳ ಸಾಲವು ೧೨ ವರ್ಷ ಮೂರು ತಿಂಗಳಿಗೆ ತೀರುತ್ತದೆ. ಹೆಚ್ಚಾಗಿ ಕಟ್ಟುವದು ಒಟ್ಟು ೨,೪೦,೦೦೦. ಕಟ್ಟದೆ ತಪ್ಪುವ ಕಂತುಗಳು ೫೭, ಅಂದರೆ ೫ ಲಕ್ಷ ೧೨ ಸಾವಿರ. ಮುಂಚಿತವಾಗಿ ಕಟ್ಟಿದ ಪ್ರತಿಯೊಂದು ರೂಪಾಯಿಯೂ ಅಸಲನ್ನೇ ಮುಟ್ಟುತ್ತದೆ; ಆ ರೂಪಾಯಿಯ ಮೇಲೆ ಮುಂದಿನ ವರ್ಷಗಳಲ್ಲೆಲ್ಲಾ ಬೀಳಬೇಕಾಗಿದ್ದ ಬಡ್ಡಿಯು ಬೀಳುವದಿಲ್ಲ. ಮೊದಲಿನ ವರ್ಷಗಳು ಸಾಲಗಾರನಿಗೆ ಎಷ್ಟು ಕ್ರೂರವೋ, ಆಗ ಕಟ್ಟಿದ ಸಣ್ಣ ಹಣಕ್ಕೆ ಅಷ್ಟು ಬಲವೂ ಉಂಟು. ಒಬ್ಬೊಬ್ಬರ ಹೆಸರಿನಲ್ಲಿರುವ ಏರಿಳಿಯುವ ದರದ ಮನೆಸಾಲಕ್ಕೆ ಹೀಗೆ ಮುಂಗಡವಾಗಿ ಕಟ್ಟಿದರೆ ಬ್ಯಾಂಕು ದಂಡವನ್ನು ಕೇಳಕೂಡದೆಂದು ರಿಸರ್ವ್ ಬ್ಯಾಂಕಿನ ನಿಯಮವು ೨೦೧೨ರಿಂದ ಉಂಟು. ಸ್ಥಿರ ದರದ ಸಾಲವಿದ್ದವರೂ ಹಳ್ಳಿಯ ಸಂಘದಲ್ಲಿ ಸಾಲವಿದ್ದವರೂ ತಮ್ಮ ಪತ್ರದಲ್ಲಿ ಹೇಗಿದೆಯೆಂದು ಮೊದಲು ಕೇಳಿ ತಿಳಿಯತಕ್ಕದ್ದು. ಹಣವನ್ನು ಕಟ್ಟುವಾಗ, ಕಂತನ್ನು ಇಳಿಸಬೇಕೋ ಅವಧಿಯನ್ನು ಇಳಿಸಬೇಕೋ ಎಂದು ಕೇಳುವರು; ಅವಧಿಯನ್ನು ಎಂದು ಹೇಳಿ, ಬರಹದಲ್ಲಿಯೂ ಕೊಟ್ಟು ಬರಬೇಕು. ಸಾಲವು ಪೂರ್ತಿಯಾಗಿ ತೀರಿದ ಮೇಲೆ ೩೦ ದಿನಗಳೊಳಗೆ ಪತ್ರಗಳನ್ನು ಹಿಂದಕ್ಕೆ ಕೊಡತಕ್ಕದ್ದು. ತಡಮಾಡಿದರೆ ದಿನಕ್ಕೆ ೫,೦೦೦ ರೂಪಾಯಿಯಂತೆ ಬ್ಯಾಂಕೇ ಸಾಲಗಾರನಿಗೆ ಕೊಡಬೇಕು. ಇದು ೨೦೨೩ರ ಡಿಸೆಂಬರ್ ೧ರಿಂದ ನಡಿಯುವ ನಿಯಮ.

ಈ ಸಾರಿಯ ಕೊಯ್ಲಿನಲ್ಲಿ ಇಪ್ಪತ್ತು ಸಾವಿರ ಆಗಲಿಲ್ಲ. ಎಲೆಚುಕ್ಕೆ ರೋಗದಿಂದ ಕೆಲವು ತೋಟಗಳಲ್ಲಿ ಕೊನೆ ಕಡಿಮೆ ಇತ್ತು. ಮಗಳ ಫೀಸಿಗೆ ಕೊಟ್ಟವರಿಗೆ ಮೊದಲು ತೀರಿಸಬೇಕೆಂದು ಹೆಂಡತಿ ಹಟ ಹಿಡಿದಳು, ಅದು ನ್ಯಾಯವೇ. ಉಳಿದದ್ದು ಹನ್ನೆರಡು ಸಾವಿರ. ಇಷ್ಟು ಸಣ್ಣ ಹಣವನ್ನು ತಕ್ಕೊಂಡು ಬ್ಯಾಂಕಿಗೆ ಹೋಗುವದಕ್ಕೆ ಆ ಸಹೋದರನಿಗೆ ಸಂಕೋಚವಾಯಿತು. ನಾವು ಜೊತೆಯಲ್ಲಿ ಹೋದೆವು. ಅಲ್ಲಿಯ ಗುಮಾಸ್ತನು ಎರಡು ಸಾರಿ ಕೇಳಿದನು, ಇದು ಮುಂದಿನ ಕಂತಿಗೋ ಎಂದು. ಅಲ್ಲ, ಅಸಲಿಗೆ, ಅವಧಿಯನ್ನು ಇಳಿಸಲಿಕ್ಕೆ ಎಂದು ಅವನು ತಲೆಯೆತ್ತಿ ಹೇಳಿದನು, ನಾವು ಹೇಳಿಕೊಡಬೇಕಾಗಲಿಲ್ಲ.

ಸಾಯಂಕಾಲ ಅವರ ಮನೆಯ ಜಗಲಿಯಲ್ಲಿ ನೋಟುಪುಸ್ತಕವನ್ನು ತೆರೆದೆವು. ನಮ್ಮ ಲೆಕ್ಕದ ಪ್ರಕಾರ ಆ ಹನ್ನೆರಡು ಸಾವಿರಕ್ಕೆ ಕಡೆಯ ಐದು ಕಂತುಗಳು ಇಲ್ಲವಾದವು, ಅದರ ಹಿಂದಿನದು ಕಾಲುಭಾಗಕ್ಕೆ ಇಳಿಯಿತು. ಹೆಂಡತಿ ಒಳಗಿನಿಂದ ಸೀರೆಯ ಸೆರಗಿನಲ್ಲಿ ಕೈಯನ್ನು ಒರಸಿಕೊಳ್ಳುತ್ತಾ ಬಂದು, ಪೆನ್ಸಿಲನ್ನು ಗಂಡನ ಕೈಯಿಂದ ತೆಗೆದುಕೊಂಡು, ೨೪೦ನೆಯ ಸಾಲಿನಿಂದ ಆರಂಭಿಸಿ ಮೇಲಕ್ಕೆ ಒಂದೊಂದಾಗಿ ಐದನ್ನು ಹೊಡೆದು ಹಾಕಿದಳು. ಆರನೆಯದರ ಮೇಲೆ ಪೆನ್ಸಿಲನ್ನು ಇಟ್ಟು, "ಇದು ಮುಂದಿನ ಕೊಯ್ಲಿಗೆ," ಎಂದಳು.